ದೂತೀಧರ್ಮ ಮತ್ತು ಗ್ರೈಂಡರ್ ಸಂಸ್ಥೆ

ಗ್ರೈಂಡರ್ ಎಂಬ ಹೆಸರನ್ನು ಕೇಳಿದೊಡನೆ ನಮ್ಮ ವಾಚಕರಿಗೆ ದೋಸೆಹಿಟ್ಟು ನೆನಪಾದರೆ ಅದು ಅವರ ತಪ್ಪಲ್ಲ. ಕಾಫಿಬೀಜವನ್ನು ಪುಡಿಮಾಡುವ ಯಂತ್ರದಿಂದಲೇ ಆ ಹೆಸರು ಬಂದುದು. ಜನರನ್ನು ಬೆರೆಸುವುದು ತಮ್ಮ ಕೆಲಸವೆಂದು ಸಂಸ್ಥೆಯವರು ವಿವರಿಸಿದ್ದುಂಟು. ಪುರುಷರನ್ನು ಪ್ರೀತಿಸುವ ಪುರುಷರು ಪರಸ್ಪರ ಪರಿಚಯ ಮಾಡಿಕೊಳ್ಳಲೆಂದು ಜೋಯಲ್ ಸಿಮ್‌ಖಾಯ್ ಎಂಬವರು 2009ರ ಮಾರ್ಚ್ ತಿಂಗಳಲ್ಲಿ ಅಮೆರಿಕದ ಲಾಸ್ ಏಂಜಲಿಸ್ ನಗರದಲ್ಲಿ ಹೊರತಂದ ಮೊಬೈಲ್ ಆ್ಯಪ್ ಇದು. ಇದರ ಚರಿತ್ರೆಯನ್ನು ಸಾಮಾನ್ಯವಾಗಿ ವ್ಯಾಪಾರದ ಯಶೋಗಾಥೆಯನ್ನಾಗಿ ಬರೆಯುತ್ತಾರೆ. ಆ ರೀತಿ ಸಾಲದೆಂದು ನಮ್ಮ ಅಭಿಪ್ರಾಯ. ಇಬ್ಬರ ನಡುವೆ ನಿಂತು ಕೂಟವನ್ನು ಏರ್ಪಡಿಸುವವರನ್ನು ಅಳೆಯುವುದಕ್ಕೆ ನಮ್ಮ ಲಕ್ಷಣಗ್ರಂಥಗಳಲ್ಲಿ ಒಂದು ಅಳತೆಗೋಲು ಸಿದ್ಧವಾಗಿಯೇ ಇದೆ: ಅದು ದೂತಿಯ ಲಕ್ಷಣ.

ಲಾಕ್ಷಣಿಕರು ದೂತಿಯರಲ್ಲಿ ಮೂರು ಬಗೆಯನ್ನು ಹೇಳುತ್ತಾರೆ. ಇಬ್ಬರ ಮನಸ್ಸನ್ನೂ ಅರಿತು ಕಾರ್ಯವನ್ನೆಲ್ಲ ತಾನೇ ನಿರ್ವಹಿಸುವವಳು ನಿಸೃಷ್ಟಾರ್ಥೆ. ಒಪ್ಪಿಸಿದಷ್ಟನ್ನು ಮಾತ್ರ ಸಾಧಿಸುವವಳು ಮಿತಾರ್ಥೆ. ಕೊಟ್ಟ ಮಾತನ್ನು ಮುಟ್ಟಿಸಿ ಬರುವವಳು ಸಂದೇಶಹಾರಿಕೆ. ಯಾವ ಬಗೆಯವಳೇ ಆಗಲಿ, ಗುಟ್ಟನ್ನು ಮುಚ್ಚಿಡಬಲ್ಲವಳಾಗಿರಬೇಕು. ಈ ಗುಣವೊಂದಿಲ್ಲದಿದ್ದರೆ ಮಿಕ್ಕ ಚಾತುರ್ಯವೆಲ್ಲ ನಾಯಕನಾಯಿಕೆಯರಿಗೆ ಅಪಾಯವೇ.

ಈ ಹೊಸ ದೂತಿಯ ಚಾತುರ್ಯ ಮೆಚ್ಚತಕ್ಕದ್ದೇ ಆಗಿತ್ತು. ಅದಕ್ಕೆ ಮೊದಲು ಪರಿಚಯ ಮಾಡಿಸುತ್ತಿದ್ದ ಅಂತರ್ಜಾಲ ತಾಣಗಳು ಅಭಿರುಚಿ, ವಿದ್ಯೆ, ವೃತ್ತಿಗಳನ್ನು ಕುರಿತು ಉದ್ದದ ಪ್ರಶ್ನಾವಳಿಯನ್ನೇ ಒಡ್ಡುತ್ತಿದ್ದವು. ಗ್ರೈಂಡರಿಗೆ ಮುಖ್ಯವಾದುದು ಒಂದೇ ಪ್ರಶ್ನೆ: ನೀನು ಎಲ್ಲಿರುವೆ? ಉತ್ತರವನ್ನು ಹೇಳಬೇಕಾದ ಶ್ರಮವೂ ಇರಲಿಲ್ಲ. ಕೈಯಲ್ಲಿದ್ದ ದೂರವಾಣಿಯೇ ಅದನ್ನು ಹೇಳುತ್ತಿತ್ತು. ಪರದೆಯ ಮೇಲೆ ಚೌಕಚೌಕವಾಗಿ ಭಾವಚಿತ್ರಗಳು. ಎಲ್ಲರಿಗಿಂತ ಹತ್ತಿರವಿದ್ದವನು ಮೊದಲು. ಇದನ್ನು ಬರಿಯ ಕಾಮವ್ಯಾಪಾರವೆಂದು ಮೂಗುಮುರಿಯುವವರು ಒಂದನ್ನು ಮರೆಯುತ್ತಾರೆ. ಇಡೀ ಊರಿನಲ್ಲಿ ತನ್ನಂತಹವನು ತಾನೊಬ್ಬನೇ ಎಂದು ನಂಬಿ ಬೆಳೆದವನಿಗೆ, ಮುನ್ನೂರು ಮೀಟರಿನ ಆಚೆ ಇನ್ನೊಬ್ಬನಿದ್ದಾನೆ ಎಂಬ ಅಂಕಿಯೇ ಎಷ್ಟು ದೊಡ್ಡ ಸಮಾಧಾನ!

ಆದರೆ ಅದೇ ಅಂಕಿ ಬಲೆಯೂ ಆಗಬಲ್ಲುದು. ಒಬ್ಬನು ಇಷ್ಟು ದೂರದಲ್ಲಿದ್ದಾನೆ ಎಂದರೆ ಅಷ್ಟು ತ್ರಿಜ್ಯದ ವೃತ್ತದ ಮೇಲೆ ಎಲ್ಲೋ ಇದ್ದಾನೆಂದು ಅರ್ಥ. ಮೂರು ಬೇರೆ ಬೇರೆ ಬಿಂದುಗಳಿಂದ ದೂರವನ್ನು ತಿಳಿದು ಮೂರು ವೃತ್ತಗಳನ್ನು ಎಳೆದರೆ ಅವು ಸಂಧಿಸುವ ಜಾಗವೇ ಅವನ ಮನೆ. ಪ್ರೌಢಶಾಲೆಯ ರೇಖಾಗಣಿತ ಸಾಕು. 2014ರಲ್ಲಿ ಇದು ಬಯಲಾದಾಗ ಸಂಸ್ಥೆಯು ಇದನ್ನು ಭದ್ರತೆಯ ದೋಷವೆಂದು ಒಪ್ಪದೆ, ಸ್ಥಳವನ್ನು ಹಂಚಿಕೊಳ್ಳುವುದೇ ಆ್ಯಪ್‌ನ ಮೂಲಕಾರ್ಯವೆಂದು ಮೊದಲು ಸಾಧಿಸಿತು. ಈಜಿಪ್ಟಿನ ಪೊಲೀಸರು ಸಲಿಂಗಪ್ರೇಮಿಗಳನ್ನು ಹುಡುಕಿ ಬಂಧಿಸುತ್ತಿದ್ದ ಕಾಲ ಅದು. ಆಮೇಲೆ ಈಜಿಪ್ಟ್, ರಷ್ಯಾ ಮೊದಲಾದ ದೇಶಗಳಲ್ಲಿ ದೂರದ ಅಂಕಿಯನ್ನು ಮರೆಮಾಡಿದರು. ಮಾಡಿದ್ದು ಸರಿ, ಆದರೆ ಕೇಳಿದ ಮೇಲೆ ಮುಚ್ಚುವುದು ಗುಟ್ಟನ್ನು ಕಾಯುವವಳ ಲಕ್ಷಣವಲ್ಲ.

ದೂತಿಯ ಮೂರು ಬಗೆಗಳು ಇಲ್ಲಿ ವಿಚಿತ್ರವಾಗಿ ಕಲಸಿಹೋಗುವುದನ್ನೂ ಗಮನಿಸಬೇಕು. ನ್ಯೂಯಾರ್ಕಿನ ಒಬ್ಬನ ಹೆಸರಿನಲ್ಲಿ ಅವನ ಹಿಂದಿನ ಪ್ರಿಯಕರನು ಸುಳ್ಳು ಪರಿಚಯಪತ್ರಗಳನ್ನು ಹಾಕಿದುದರಿಂದ ಸಾವಿರಕ್ಕೂ ಮಿಕ್ಕಿ ಅಪರಿಚಿತರು ಅವನ ಮನೆಗೂ ಕೆಲಸದ ಸ್ಥಳಕ್ಕೂ ಬಂದರು. 2019ರಲ್ಲಿ ಮೇಲ್ಮನವಿಯ ನ್ಯಾಯಾಲಯವು ಅವನ ದಾವೆಯನ್ನು ತಳ್ಳಿಹಾಕಿತು. ಇತರರು ಬರೆದುದಕ್ಕೆ ಮಧ್ಯವರ್ತಿಯು ಹೊಣೆಯಲ್ಲವೆಂಬ 1996ರ ಕಾನೂನು ಸಂಸ್ಥೆಯನ್ನು ಕಾಪಾಡಿತು. ಎಂದರೆ ಪೇಟೆಯಲ್ಲಿ ನಿಸೃಷ್ಟಾರ್ಥೆ, ನ್ಯಾಯಾಲಯದಲ್ಲಿ ಸಂದೇಶಹಾರಿಕೆ!

ಒಡೆತನದ ಕಥೆಯನ್ನು ಸಂಕ್ಷೇಪವಾಗಿ ಹೇಳಬಹುದು. ಚೀನದ ಕುನ್‌ಲುನ್ ಕಂಪನಿಯು 2016ರಲ್ಲಿ ಶೇಕಡ 60 ಪಾಲನ್ನು 9.3 ಕೋಟಿ ಡಾಲರಿಗೂ 2018ರಲ್ಲಿ ಉಳಿದುದನ್ನು 15.2 ಕೋಟಿ ಡಾಲರಿಗೂ ಕೊಂಡಿತು. ರಾಷ್ಟ್ರೀಯ ಭದ್ರತೆಗೆ ಅಪಾಯವೆಂದು ಅಮೆರಿಕ ಸರ್ಕಾರ ತಕರಾರೆತ್ತಿದುದರಿಂದ 2020ರಲ್ಲಿ ಅದನ್ನು ಸುಮಾರು 60 ಕೋಟಿ ಡಾಲರಿಗೆ ಮಾರಬೇಕಾಯಿತು. ಬಳಕೆದಾರನ ಗುಟ್ಟು ದೇಶದ ಗುಟ್ಟಾದಾಗ ಮಾತ್ರ ಸರ್ಕಾರಕ್ಕೆ ಎಚ್ಚರವಾಯಿತೆಂದರೆ ಅತ್ಯುಕ್ತಿಯಾಗಲಾರದು.

ಇದಕ್ಕಿಂತ ನೋವಿನ ಸಂಗತಿ 2018ರದು. ಆ ವರ್ಷದ ಮಾರ್ಚ್ ತಿಂಗಳಲ್ಲಿ ಸಂಸ್ಥೆಯು ಎಚ್.ಐ.ವಿ. ಪರೀಕ್ಷೆಯನ್ನು ನೆನಪಿಸುವ ಒಳ್ಳೆಯ ಏರ್ಪಾಡೊಂದನ್ನು ಆರಂಭಿಸಿತು. ಮರುತಿಂಗಳೇ, ಬಳಕೆದಾರರು ನಂಬಿ ಬರೆದಿದ್ದ ಎಚ್.ಐ.ವಿ. ಸ್ಥಿತಿಯು ಆ್ಯಪ್ಟಿಮೈಸ್, ಲೋಕಲಿಟಿಕ್ಸ್ ಎಂಬ ಎರಡು ಕಂಪನಿಗಳಿಗೆ ರವಾನೆಯಾಗುತ್ತಿದ್ದುದು ಬಯಲಿಗೆ ಬಂತು. ಇದು ಉದ್ಯಮದಲ್ಲಿ ರೂಢಿಯ ಪದ್ಧತಿಯೆಂದೂ, ಅದನ್ನು ಬರೆದವರು ತಾವಾಗಿಯೇ ಬರೆದರೆಂದೂ ಸಂಸ್ಥೆಯು ಸಮರ್ಥಿಸಿಕೊಂಡು, ಬಳಿಕ ರವಾನೆಯನ್ನು ನಿಲ್ಲಿಸಿತು. ಪ್ರಿಯನಿಗೆ ಹೇಳೆಂದು ಕೊಟ್ಟ ಮಾತನ್ನು ದಾರಿಯಲ್ಲಿ ಸಿಕ್ಕವರಿಗೂ ಹೇಳಿ, ನೀನೇ ಬಾಯಿಬಿಟ್ಟೆಯಲ್ಲ ಎನ್ನುವ ದೂತಿಯನ್ನು ಯಾವ ಲಾಕ್ಷಣಿಕನೂ ಊಹಿಸಿರಲಾರನು.

ಈ ಪ್ರಶ್ನೆಯ ತಿರುಳು ಸ್ಪಷ್ಟವಾದುದು ನಾರ್ವೆಯಲ್ಲಿ. ಬಳಕೆದಾರರ ಸ್ಥಳ, ವಯಸ್ಸು ಮೊದಲಾದುವನ್ನು ಸರಿಯಾದ ಸಮ್ಮತಿಯಿಲ್ಲದೆ ಜಾಹೀರಾತಿನವರಿಗೆ ಕೊಟ್ಟುದಕ್ಕಾಗಿ ಅಲ್ಲಿನ ದತ್ತಾಂಶ ಸಂರಕ್ಷಣಾ ಪ್ರಾಧಿಕಾರವು 2021ರ ಡಿಸೆಂಬರಿನಲ್ಲಿ 6.5 ಕೋಟಿ ಕ್ರೋನರ್ ದಂಡವನ್ನು ವಿಧಿಸಿತು. ಒಬ್ಬನು ಗ್ರೈಂಡರನ್ನು ಬಳಸುತ್ತಾನೆಂದ ಮಾತ್ರಕ್ಕೆ ಅವನ ಲೈಂಗಿಕ ಒಲವು ತಿಳಿಯುವುದಿಲ್ಲವೆಂದು ಸಂಸ್ಥೆಯು ವಾದಿಸಿತು. ಪ್ರಾಧಿಕಾರವು ಅದನ್ನು ಒಪ್ಪಲಿಲ್ಲ. ನಮ್ಮ ಕಾವ್ಯಗಳನ್ನು ಓದಿದವರೂ ಒಪ್ಪಲಾರರು: ದೂತಿ ಯಾರ ಬಾಗಿಲಲ್ಲಿ ಕಾಣಿಸಿಕೊಂಡಳೆಂಬುದೇ ಊರಿಗೆ ಸಾಕಾದ ಸುದ್ದಿ. 2022ರ ನವೆಂಬರಿನಲ್ಲಿ ಸಂಸ್ಥೆಯ ಷೇರುಗಳು ನ್ಯೂಯಾರ್ಕಿನ ಷೇರುಪೇಟೆಯನ್ನು ಪ್ರವೇಶಿಸಿದವು. ದಂಡದ ವ್ಯಾಜ್ಯವು ಮುಂದುವರಿದು, 2024ರಲ್ಲಿ ಓಸ್ಲೋ ಜಿಲ್ಲಾ ನ್ಯಾಯಾಲಯವೂ ಅದನ್ನು ಎತ್ತಿಹಿಡಿಯಿತು.