ಲಾಭಕ್ಕೆ ಪಾಲುದಾರ, ನಷ್ಟಕ್ಕೆ ಸಾಹುಕಾರ

ಗೌನಿಪಲ್ಲಿ ಕಡೆ ಮಾವು ಹೂ ಬಿಟ್ಟಾಗಲೇ ತೋಟದ ಫಸಲನ್ನು ವ್ಯಾಪಾರಿಗೆ ಮಾರಿಬಿಡುವುದುಂಟು. ಆಮೇಲೆ ಗಾಳಿ ಬೀಸಲಿ, ಆಲಿಕಲ್ಲು ಬೀಳಲಿ, ನಷ್ಟ ಕೊಂಡವನದು. ಧಾರಣೆ ಏರಿದರೆ ಲಾಭವೂ ಅವನದೇ. ಫಸಲು ಕೆಟ್ಟರೆ ಬಡ್ಡಿ ಸೇರಿಸಿ ದುಡ್ಡು ವಾಪಸು ಕೊಡು ಎಂದು ಕರಾರು ಬರೆಸಿಕೊಂಡರೆ ಶ್ರೀನಿವಾಸಪುರದ ಮಂಡಿಯಲ್ಲಿ ಅದನ್ನು ಸಾಲವೆಂದೇ ಕರೆದಾರು. ಕಂಪನಿ ಲೋಕದಲ್ಲಿ ಮಾತ್ರ ಅದಕ್ಕೆ ಷೇರು ಹೂಡಿಕೆ ಎಂದು ಹೆಸರು.

ಹೂಡಿಕೆದಾರರು ಷೇರು ಕೊಳ್ಳುತ್ತಾರೆ. ಗೊತ್ತಾದ ಅವಧಿಯೊಳಗೆ ಒಳ್ಳೆಯ ಬೆಲೆಗೆ ಹೊರಬೀಳಲು ಆಗದಿದ್ದರೆ ಕಂಪನಿ ಕಟ್ಟಿದ ಪ್ರವರ್ತಕನೇ ಆ ಷೇರುಗಳನ್ನು ಮರಳಿ ಕೊಳ್ಳಬೇಕೆಂಬ ಷರತ್ತು ಹಾಕಿರುತ್ತಾರೆ. ಈ ಪದ್ಧತಿಯ ಅಪಾಯವನ್ನು ಕರ್ನಾಟಕ ಕಂಡದ್ದು ಕಾಫಿ ಡೇ ಪ್ರಕರಣದಲ್ಲಿ. 2019ರ ಜುಲೈನಲ್ಲಿ ಅದರ ಸ್ಥಾಪಕ ವಿ.ಜಿ. ಸಿದ್ಧಾರ್ಥ ತೀರಿಕೊಂಡಾಗ ಅವರ ಹೆಸರಿನಲ್ಲಿ ಹೊರಬಂದ ಪತ್ರದಲ್ಲಿ, ಷೇರು ಮರುಖರೀದಿಗೆ ಖಾಸಗಿ ಹೂಡಿಕೆದಾರರೊಬ್ಬರಿಂದ ಬಂದ ಒತ್ತಡದ ಮಾತಿತ್ತು. ಅದನ್ನು ಭಾಗಶಃ ಮುಗಿಸಲು ಸ್ನೇಹಿತರೊಬ್ಬರಿಂದ ಸಾಲ ಮಾಡಿದ ಮಾತೂ ಇತ್ತು. ಅದೇ ವರ್ಷದ ಮಾರ್ಚ್‌ನಲ್ಲಿ ಮೈಂಡ್‌ಟ್ರೀಯಲ್ಲಿ ಸಿದ್ಧಾರ್ಥ ಬಳಗಕ್ಕಿದ್ದ ಶೇ 20ರಷ್ಟು ಪಾಲನ್ನು ಎಲ್ ಅಂಡ್ ಟಿಗೆ ಸುಮಾರು 3,269 ಕೋಟಿ ರೂಪಾಯಿಗೆ ಮಾರುವ ಒಪ್ಪಂದವಾಗಿತ್ತು. ಅಷ್ಟು ದೊಡ್ಡ ಮಾರಾಟವೂ ಸಾಲದ ಭಾರವನ್ನು ಪೂರ್ತಿ ಇಳಿಸಲಿಲ್ಲ.

ಕಂಪನಿ ನೇಮಿಸಿದ್ದ ತನಿಖೆಯ ವರದಿ 2020ರ ಜುಲೈನಲ್ಲಿ ಬಂತು. ಅಂಗಸಂಸ್ಥೆಗಳಿಂದ ಸಿದ್ಧಾರ್ಥ ಅವರ ಖಾಸಗಿ ಸಂಸ್ಥೆಯಾದ ಮೈಸೂರು ಅಮಾಲ್ಗಮೇಟೆಡ್ ಕಾಫಿ ಎಸ್ಟೇಟ್ಸ್‌ಗೆ ಹೋಗಿ ಬಾಕಿ ಉಳಿದದ್ದು 3,535 ಕೋಟಿ ರೂಪಾಯಿ. ಷೇರು ಮರುಖರೀದಿ, ಸಾಲ ತೀರಿಕೆ, ಬಡ್ಡಿಗೆ ಅದರಲ್ಲಿ ದೊಡ್ಡ ಪಾಲು ಸಂದಿರಬಹುದೆಂದು ವರದಿಯೇ ಸೂಚಿಸಿತು. ಹೂಡಿಕೆದಾರರ ಒತ್ತಾಯ ವ್ಯವಹಾರದ ರೂಢಿಯನ್ನು ಮೀರಿರಲಿಲ್ಲ ಎಂಬುದೂ ಅದರದೇ ಮಾತು. ನನ್ನ ತಕರಾರು ಇರುವುದು ಆ ರೂಢಿಯ ಮೇಲೇ.

ಕಂಪನಿಯೇ ತನ್ನ ಷೇರು ಮರಳಿ ಕೊಳ್ಳುವುದಾದರೆ 2013ರ ಕಂಪನಿ ಕಾಯ್ದೆಯ 68ನೇ ಕಲಮು ಬಿಗಿ ಹಿಡಿಯುತ್ತದೆ. ಬಂಡವಾಳ ಮತ್ತು ಮುಕ್ತ ಮೀಸಲಿನ ಶೇ 25ನ್ನು ದಾಟುವಂತಿಲ್ಲ. ಕೊಂಡ ಮೇಲೆ ಸಾಲ ಆ ಬಂಡವಾಳ ಮತ್ತು ಮೀಸಲಿನ ಎರಡು ಪಟ್ಟು ಮೀರುವಂತಿಲ್ಲ. ಸಾಲದ ಕಂತು ತಪ್ಪಿಸಿ ಕೂತಿರುವಾಗ ಮರುಖರೀದಿಯನ್ನು 70ನೇ ಕಲಮು ತಡೆಯುತ್ತದೆ. ಸಾಲ ಕೊಟ್ಟವರನ್ನು, ಸಣ್ಣ ಷೇರುದಾರರನ್ನು ಕಾಯುವ ಬೇಲಿ ಇದು. ಪ್ರವರ್ತಕ ಸ್ವಂತಕ್ಕೆ ಮಾತು ಕೊಟ್ಟರೆ ಈ ಬೇಲಿ ಅವನಿಗೆ ಅಡ್ಡ ಬರುವುದಿಲ್ಲ. ಅವನ ಜೇಬು ಬರಿದಾದಾಗ ಕಣ್ಣು ಹೋಗುವುದು ಕಂಪನಿಯ ತಿಜೋರಿಯ ಕಡೆಗೇ.

ಹೂಡಿಕೆದಾರರ ವಾದದಲ್ಲಿ ಹುರುಳಿಲ್ಲವೆಂದಲ್ಲ. ಪೇಟೆಗೆ ಬರದ ಷೇರನ್ನು ಬೇರೆ ಯಾರು ಕೊಂಡಾರು? ನ್ಯಾಯಾಲಯವೂ ಬರೆದುಕೊಟ್ಟ ಮಾತಿಗೆ ಬೆಲೆ ಕೊಡುತ್ತದೆ. ಷೇರಿನಿಂದ ಹೊರಬೀಳುವ ಇಂಥದೇ ಕರಾರಿನ ಟಾಟಾ–ಡೊಕೊಮೊ ವ್ಯಾಜ್ಯದಲ್ಲಿ ರಿಸರ್ವ್ ಬ್ಯಾಂಕಿನ ಆಕ್ಷೇಪವನ್ನು ಬದಿಗಿಟ್ಟು, ಸುಮಾರು 117 ಕೋಟಿ ಡಾಲರಿನ ಪಂಚಾಯ್ತಿ ತೀರ್ಪನ್ನು ದೆಹಲಿ ಹೈಕೋರ್ಟ್ 2017ರಲ್ಲಿ ಎತ್ತಿಹಿಡಿಯಿತು. ಆದರೆ ಇಬ್ಬರು ಬಲಾಢ್ಯರ ನಡುವಿನ ಮಾತಿಗೆ, ಆ ಕರಾರನ್ನು ಕಣ್ಣಲ್ಲೂ ಕಾಣದ ಮೂರನೆಯವರು ದಂಡ ತೆರುವುದು ಯಾವ ನ್ಯಾಯ?

ಕಾಫಿ ಡೇಯಲ್ಲಿ ಆದದ್ದು ಅದೇ. ನಿಧಿ ಬೇರೆಡೆಗೆ ಹರಿಸಿದ್ದಕ್ಕೆ ಷೇರುಪೇಟೆ ನಿಯಂತ್ರಕ ಸೆಬಿ 2023ರ ಜನವರಿಯಲ್ಲಿ 26 ಕೋಟಿ ರೂಪಾಯಿ ದಂಡ ಹಾಕಿದ್ದು ಕಂಪನಿಗೆ. ಅಂದರೆ ದುಡ್ಡು ಕಳೆದುಕೊಂಡ ಷೇರುದಾರರಿಗೇ ಇನ್ನೊಂದು ಏಟು. 228 ಕೋಟಿ ರೂಪಾಯಿ ಬಾಕಿಗಾಗಿ ಡಿಬೆಂಚರುದಾರರ ಟ್ರಸ್ಟಿ ಹೂಡಿದ ದಿವಾಳಿ ಅರ್ಜಿಯನ್ನು ಬೆಂಗಳೂರಿನ ಕಂಪನಿ ಕಾನೂನು ನ್ಯಾಯಮಂಡಳಿ 2024ರ ಆಗಸ್ಟ್‌ನಲ್ಲಿ ಅಂಗೀಕರಿಸಿತು. ಚೆನ್ನೈನ ಮೇಲ್ಮನವಿ ಮಂಡಳಿ ಅದೇ ತಿಂಗಳು ತಡೆಕೊಟ್ಟು, 2025ರ ಫೆಬ್ರುವರಿಯಲ್ಲಿ ಆ ಅಂಗೀಕಾರವನ್ನು ರದ್ದುಮಾಡಿತು. ದಿವಾಳಿ ಸಂಹಿತೆ ಬರಿಯ ವಸೂಲಿ ಕಾಯ್ದೆಯಲ್ಲವೆಂದು ಸುಪ್ರೀಂ ಕೋರ್ಟ್ 2019ರ ಸ್ವಿಸ್ ರಿಬ್ಬನ್ಸ್ ತೀರ್ಪಿನಲ್ಲಿ ಹೇಳಿದ್ದರೂ, ವಸೂಲಿಗೆ ಹೊರಟವರು ಆ ಬಾಗಿಲು ಬಡಿಯುವುದನ್ನು ಬಿಟ್ಟಿಲ್ಲ.

ಕಂಪನಿಗೆ ಹೊಣೆ ತರುವ ಒಪ್ಪಂದಗಳನ್ನು ಬಹಿರಂಗಪಡಿಸಬೇಕೆಂದು 2023ರಲ್ಲಿ ಸೆಬಿ ನಿಯಮ ಬಿಗಿಗೊಳಿಸಿತು. ಪ್ರವರ್ತಕ ತನ್ನೊಬ್ಬನ ಹೆಗಲಿಗೆ ಹೊತ್ತ ಮರುಖರೀದಿ ಅದರಿಂದಲೂ ನುಣುಚಿಕೊಳ್ಳಬಲ್ಲದು. ಅದನ್ನೂ ಪ್ರಕಟಣೆಯ ಕಡ್ಡಾಯಕ್ಕೆ ತರಬೇಕು. ಲಾಭದಲ್ಲಿ ಪಾಲು ಕೇಳುವವರು ನಷ್ಟದಲ್ಲೂ ಪಾಲು ಹೊರಲಿ. ಆಗದಿದ್ದರೆ ಸಾಲವೆಂದೇ ಬರೆದು, ಬಡ್ಡಿಯ ದರ ನಮೂದಿಸಿ, ಬ್ಯಾಂಕಿಗೂ ಸಣ್ಣ ಷೇರುದಾರನಿಗೂ ಮೊದಲೇ ಕಾಣುವಂತೆ ಲೆಕ್ಕದಲ್ಲಿ ಇಡಲಿ.