ಬರೆಯುವ ಮುದುಕ, ಕಥೆ ಕಟ್ಟುವ ಹುಡುಗ

ಮಿಖಾಯೆಲ್ ಎಂಡೆಯ 'ದಿ ನೆವರ್ ಎಂಡಿಂಗ್ ಸ್ಟೋರಿ'ಯನ್ನು ಸಿನಿಮಾದ ಮೂಲಕ ಮಾತ್ರ ಬಲ್ಲವರಿಗೆ ಅಲೆಯುವ ಬೆಟ್ಟದ ಮುದುಕ ಗೊತ್ತಿರುವುದಿಲ್ಲ. 1984ರ ಚಿತ್ರದಲ್ಲಿ ನಿರ್ದೇಶಕ ವೂಲ್ಫ್‌ಗಾಂಗ್ ಪೀಟರ್ಸನ್ ಅವನನ್ನು ಕೈಬಿಟ್ಟರು. ಹಾರುವ ಡ್ರ್ಯಾಗನ್ ಉಳಿಯಿತು, ಬರೆಯುವವನು ಹೋದ. 1979ರಲ್ಲಿ ಜರ್ಮನ್‌ನಲ್ಲಿ ಬಂದ ಕಾದಂಬರಿಯಲ್ಲೂ ಅವನಿಗೆ ಸಿಗುವುದು ಒಂದೇ ಅಧ್ಯಾಯ, 26ರಲ್ಲಿ 12ನೆಯದು. ಆದರೂ ಇಡೀ ಪುಸ್ತಕ ನಿಂತಿರುವುದು ಅದರ ಮೇಲೆ ಎಂದು ನನಗೆ ಅನ್ನಿಸುತ್ತದೆ.

ಸಂದರ್ಭ ಇಷ್ಟು. ಫ್ಯಾಂಟಾಸ್ಟಿಕಾ ಎಂಬ ಲೋಕವನ್ನು ಶೂನ್ಯ ನುಂಗುತ್ತಿದೆ. ಮನುಷ್ಯಲೋಕದ ಮಗುವೊಂದು ಅಲ್ಲಿನ ಬಾಲರಾಣಿಗೆ ಹೊಸ ಹೆಸರಿಟ್ಟರೆ ಲೋಕ ಉಳಿಯುತ್ತದೆ. ಆ ಮಗು ಬಾಸ್ಟಿಯನ್. ಕದ್ದು ತಂದ ಪುಸ್ತಕವೊಂದರಲ್ಲಿ, ಶಾಲೆಯ ಅಟ್ಟದ ಮೇಲೆ ಕೂತು, ಇದನ್ನೆಲ್ಲ ಅವನು ಓದುತ್ತಿದ್ದಾನೆ. ಹೆಸರು ಹೊಳೆದಿದೆ, ಹೇಳಲು ಹಿಂಜರಿಯುತ್ತಿದ್ದಾನೆ. ಕಾದು ಸಾಕಾದ ರಾಣಿ ಮುದುಕನನ್ನು ಹುಡುಕಿ ಹೊರಡುತ್ತಾಳೆ.

ಮುದುಕನ ಮನೆ ಬೆಟ್ಟದ ನೆತ್ತಿಯ ಮೇಲಿನ ದೊಡ್ಡದೊಂದು ಮೊಟ್ಟೆ. ಹತ್ತುವ ಏಣಿಯೆಲ್ಲ ಅಕ್ಷರಗಳೇ. ಹತ್ತುವವಳಿಗೆ ಹಿಂದಿರುಗು ಎಂದು ಅವೇ ಹೇಳುತ್ತವೆ. ಒಳಗೆ ಮುದುಕ ಬರೆಯುತ್ತಿದ್ದಾನೆ. ನಡೆದದ್ದನ್ನೆಲ್ಲ ಅವನು ಬರೆಯುತ್ತಾನೆ, ಅವನು ಬರೆದದ್ದೆಲ್ಲ ನಡೆಯುತ್ತದೆ. ರಾಣಿ ಆಡಿದ ಮಾತು ಆಗಲೇ ಪುಟದ ಮೇಲಿದೆ.

'ಹಣೆಬರಹ' ಎಂಬ ಪದವಿರುವ ಭಾಷೆಯ ಓದುಗರು ನಾವು. ಮುದುಕನನ್ನು ಬ್ರಹ್ಮ ಎಂದುಕೊಳ್ಳುವುದು ನಮಗೆ ಸುಲಭ; ಮೊದಲ ಸಲ ನಾನೂ ಹಾಗೇ ಓದಿದ್ದೆ. ಈಗ ಅದು ತಪ್ಪು ಓದು ಅನ್ನಿಸುತ್ತದೆ. ಬ್ರಹ್ಮ ಬರೆಯುವುದು ಮುಂಚಿತವಾಗಿ. ಮುದುಕ ಬರೆಯುವುದು ಮೊದಲೂ ಅಲ್ಲ, ಆಮೇಲೂ ಅಲ್ಲ. ಘಟನೆಗೂ ಅಕ್ಷರಕ್ಕೂ ನಡುವೆ ಕೂದಲೆಳೆಯಷ್ಟೂ ಜಾಗ ಇಲ್ಲದ್ದರಿಂದ ಅವನಿಗೆ ಆಯ್ಕೆಯೂ ಇಲ್ಲ. ಬರೆದದ್ದನ್ನು ಅಳಿಸಲಿಲ್ಲ ಎಂದು ಕುಮಾರವ್ಯಾಸ ಹೆಮ್ಮೆಪಟ್ಟ. ಮುದುಕನಿಗೆ ಆ ಹೆಮ್ಮೆಯೂ ಸಲ್ಲದು, ಅಳಿಸುವುದು ಅವನ ಕೈಯಲ್ಲೇ ಇಲ್ಲ. (ಒಂದೇ ಅಧ್ಯಾಯವನ್ನು ಏಳನೇ ಸಲ ತಿದ್ದುತ್ತಿರುವ ಸಂಶೋಧನಾ ವಿದ್ಯಾರ್ಥಿಗೆ ಇದು ಅಸೂಯೆಯ ಸಂಗತಿಯೋ ಕನಿಕರದ ಸಂಗತಿಯೋ ತಿಳಿಯದು.)

ಇಂಥವನಿಂದ ಕಾಲ ಬದಲಾಗುವುದಾದರೂ ಹೇಗೆ? ಬರೆದದ್ದನ್ನು ಮೊದಲಿನಿಂದ ಓದು ಎಂದು ರಾಣಿ ಆಜ್ಞೆ ಮಾಡುತ್ತಾಳೆ. ಅವನು ಓದಿದ್ದೆಲ್ಲ ಮತ್ತೆ ನಡೆಯತೊಡಗುತ್ತದೆ: ಹಳೇ ಪುಸ್ತಕದಂಗಡಿ, ಕಳ್ಳತನ, ಅಟ್ಟ, ರಾಣಿಯ ಪಯಣ, ಮೊಟ್ಟೆ, ಓದು ಎಂಬ ಆಜ್ಞೆ, ಮತ್ತೆ ಅಂಗಡಿ. ನೇರ ಹರಿಯುತ್ತಿದ್ದ ಕಾಲ ಸುಳಿಯಾಗುತ್ತದೆ. ತಾನು ಓದುತ್ತಿರುವ ಪುಸ್ತಕದಲ್ಲಿ ತನ್ನದೇ ಕಥೆ ಸುತ್ತುವುದನ್ನು ಕಂಡ ಬಾಸ್ಟಿಯನ್ ಕೊನೆಗೆ ಹೆಸರನ್ನು ಕೂಗಿಬಿಡುತ್ತಾನೆ. ಮೊಟ್ಟೆ ಒಡೆಯುತ್ತದೆ.

ಓದುಗನೇ ಕಥೆಯನ್ನು ಉಳಿಸುತ್ತಾನೆ ಎಂದು ಈ ಪ್ರಸಂಗವನ್ನು ಕೊಂಡಾಡುವುದುಂಟು. ನನಗೆ ಇಲ್ಲಿ ಕಾಣುವುದು ಬಲವಂತ. ಬಾಸ್ಟಿಯನ್ ಒಪ್ಪಿ ಬರಲಿಲ್ಲ, ಬೇರೆ ದಾರಿಯೆಲ್ಲ ಮುಚ್ಚಿದ್ದರಿಂದ ಬಂದ. ಎಂಡೆಗೂ ಇದು ಗೊತ್ತಿತ್ತು ಎಂದು ನನ್ನ ಊಹೆ, ಏಕೆಂದರೆ ಪುಸ್ತಕದ ದ್ವಿತೀಯಾರ್ಧ ಆ ಬಲವಂತದ ಲೆಕ್ಕ ಚುಕ್ತಾ ಮಾಡುವಂತಿದೆ. ಸಿನಿಮಾ ಅತ್ತ ಹೋಗುವುದೇ ಇಲ್ಲ.

ಅಲ್ಲಿ ಕಾಲವನ್ನು ತಿದ್ದುವವನು ಬಾಸ್ಟಿಯನ್. ಅವನ ಬಯಕೆಯಿಂದ ಹುಟ್ಟಿದ್ದು ಈಗಷ್ಟೇ ಹುಟ್ಟಿದ್ದೂ ಹೌದು, ಅನಾದಿಯಿಂದ ಇದ್ದದ್ದೂ ಹೌದು. ಅಮರ್ಗಾಂತ್ ಎಂಬ ಬೆಳ್ಳಿಯ ನಗರಕ್ಕೆ ಬಂದವನು, ಅಲ್ಲಿನ ಜನ ಮೆಚ್ಚಲಿ ಎಂದು, ಆ ಊರಿನ ಹುಟ್ಟಿನ ಕಥೆಯೊಂದನ್ನು ಅಲ್ಲೇ ಕಟ್ಟಿ ಹೇಳುತ್ತಾನೆ. ಅಖರಾಯ್ ಎಂಬ ಕುರೂಪಿ ಜೀವಿಗಳಿವೆ, ನೆಲದಡಿ ಬೆಳ್ಳಿಯ ಕುಸುರಿ ಮಾಡುತ್ತ ಸದಾ ಅಳುತ್ತವೆ, ಊರಿನ ಸುತ್ತಲ ಸರೋವರ ಅವುಗಳ ಕಣ್ಣೀರು ಎನ್ನುತ್ತಾನೆ. ಜನ ಹಿಗ್ಗುತ್ತಾರೆ. ಬೀಗ ಬಿದ್ದಿದ್ದ ಗ್ರಂಥಾಲಯ ತೆರೆದರೆ ಒಳಗೆ ಅವನ ಸಮಗ್ರ ಕೃತಿಗಳು! ಒಂದು ಸಂಜೆಯ ಮೆಚ್ಚುಗೆಗಾಗಿ ಹೇಳಿದ ಕಥೆಯಿಂದ, ಒಂದು ಕುಲ ಯುಗಯುಗಗಳಿಂದ ಅತ್ತದ್ದು ನಿಜವಾಯಿತು.

ಆಮೇಲೆ ಅವುಗಳನ್ನು ಎದುರಿಗೇ ಕಂಡಾಗ ಬಾಸ್ಟಿಯನ್‌ಗೆ ಸಂಕಟವಾಗುತ್ತದೆ. ಪಶ್ಚಾತ್ತಾಪದ ಕೆಲಸವೂ ಅವಸರದ್ದೇ: ಸದಾ ನಗುವ, ಚಿಟ್ಟೆಯ ರೆಕ್ಕೆಯ ವಿದೂಷಕರನ್ನಾಗಿ ಮಾಡಿಬಿಡುತ್ತಾನೆ. ಹಿಂದೆ ಅತ್ತದ್ದು ಹಾಗೇ ಉಳಿಯಿತು, ಈಗ ನಗು ಅಂಟಿಕೊಂಡಿತು. ಮುದುಕ ತಾನಾಗಿ ಏನನ್ನೂ ಸೃಷ್ಟಿಸಲಾರ, ಆದ್ದರಿಂದ ಯಾರಿಗೂ ಕೇಡು ಮಾಡಲಾರ. ಹುಡುಗ ಸೃಷ್ಟಿಸಬಲ್ಲ.

ಪ್ರತಿ ಬಯಕೆಗೂ ಒಂದೊಂದು ನೆನಪು ತೆರುತ್ತ ಬಂದ ಬಾಸ್ಟಿಯನ್, ಕೊನೆಯಲ್ಲಿ ಚಿತ್ರಗಳ ಗಣಿಯೊಂದರಲ್ಲಿ ಕತ್ತಲಲ್ಲಿ ದುಡಿದು ಒಂದು ತೆಳು ಹಾಳೆಯನ್ನು ಮೇಲೆ ತರುತ್ತಾನೆ. ಬಿಳಿ ಕೋಟಿನ ಮನುಷ್ಯನೊಬ್ಬ ಮಂಜುಗಡ್ಡೆಯೊಳಗೆ ಸಿಕ್ಕಿಬಿದ್ದಿರುವ ಚಿತ್ರ ಅದು. ಅದು ತನ್ನ ಅಪ್ಪ ಎಂಬುದೂ ಅವನಿಗೆ ಮರೆತಿದೆ. ಮನೆಯ ದಾರಿಗೆ ಉಳಿದಿರುವುದು ಅದೊಂದೇ. ಅಷ್ಟರಲ್ಲಿ ಆ ವಿದೂಷಕರು ಹಿಂಡಾಗಿ ಬರುತ್ತಾರೆ: ನಮಗೆ ಅರ್ಥವಿಲ್ಲದ ಬಾಳು ಕೊಟ್ಟವನು ನೀನು, ಬಾ, ನಮ್ಮ ನಾಯಕನಾಗು ಎಂದು ಎಳೆದಾಡುತ್ತಾರೆ. ಅವರ ಕಿರುಚಾಟಕ್ಕೇ ಆ ಹಾಳೆ ಒಡೆದು ಪುಡಿಯಾಗುತ್ತದೆ.