ಖಾಲಿ ಕುಕ್ಕರಿನ ಹಾಡು

2022ರ ಚಳಿಗಾಲದಲ್ಲಿ ಎಂಟನೆಯ ತರಗತಿಯ ಹುಡುಗಿಯರನ್ನು ಪಟ್ಟದಕಲ್ಲಿಗೆ ಕರೆದುಕೊಂಡು ಹೋಗಿದ್ದೆ. ವಿರೂಪಾಕ್ಷ ಗುಡಿಯ ಕಂಬದ ಮೇಲಿನ ರಾಮಾಯಣ ತೋರಿಸಿ, "ಈ ಕಥಿ ಯಾರ ಹೇಳ್ತೀರವಾ?" ಎಂದರೆ ಎಲ್ಲರೂ ನೆಲ ನೋಡಿದರು. ಹೊರಗೆ ಹುಲ್ಲಿನ ಮೇಲೆ ಬಿಟ್ಟದ್ದೇ ತಡ, ಅವರಲ್ಲೊಬ್ಬಳು ಯಾರದೋ ಮೊಬೈಲಿನ ಮುಂದೆ ನಿಂತು ಸೆರಗು ಝಾಡಿಸಿದಂತೆ ಮಾಡಿ, ಹಿಂದಿ ಅತ್ತೆಯ ಗದರಿಕೆಗೆ ತುಟಿ ಆಡಿಸತೊಡಗಿದಳು. 'ರಸೋಡೆ ಮೇ ಕೌನ್ ಥಾ'!

ನಿಮಗೂ ಗೊತ್ತಿರಬೇಕು. 2010ರಲ್ಲಿ ಶುರುವಾದ 'ಸಾಥ್ ನಿಭಾನಾ ಸಾಥಿಯಾ' ಧಾರಾವಾಹಿಯಲ್ಲಿ ಕಡಲೆ ತೆಗೆದು ಖಾಲಿ ಕುಕ್ಕರನ್ನು ಒಲೆಯ ಮೇಲಿಟ್ಟವರು ಯಾರೆಂದು ಅತ್ತೆ ವಿಚಾರಣೆ ನಡೆಸುತ್ತಾಳೆ. 2020ರಲ್ಲಿ ಯಶರಾಜ್ ಮುಖಾಟೆ ಎಂಬ ತರುಣ ಆ ಮಾತಿಗೇ ತಾಳ, ವಾದ್ಯ ಸೇರಿಸಿ ಹಾಡಾಗಿಸಿದ. ದೇಶವೆಲ್ಲ ನಕ್ಕಿತು. ನಾನೂ ನಕ್ಕೆ.

ಆ ವಿಡಿಯೋವನ್ನು ನಾನು ಹಳಿಯಲಾರೆ. ಅಡುಗೆಮನೆಯ ಸಿಟ್ಟಿನಲ್ಲೂ ಒಂದು ರಾಗವಿದೆಯೆಂದು ಕೇಳಿಸಿಕೊಂಡ ಕಿವಿ ಅವನದು. ಆದರೆ ಅದಕ್ಕೆ ತುಟಿ ಆಡಿಸಿದವರು ಕಿವಿಯನ್ನು ಬಿಟ್ಟು ಬಾಯಿಯನ್ನಷ್ಟೇ ಎರವಲು ತಂದರು. ನಮ್ಮ ಅತ್ತೆಯರ ಬೈಗುಳಕ್ಕೇನು ರಾಗ ಕಡಿಮೆಯೇ? ಬೀಸುಕಲ್ಲಿನ ಮುಂದೆ ಕೂತವರ ದನಿಗೆ?

ಎಂಟನೆಯ ಶತಮಾನದಲ್ಲಿ ಈ ಗುಡಿ ಕಟ್ಟಿಸಿದ ರಾಣಿ ಲೋಕಮಹಾದೇವಿ, ಇಲ್ಲಿಯ ಗಾಯಕರಿಗೆ ಹಿಂದಿನಿಂದ ಇದ್ದ ದತ್ತಿಯನ್ನು ಮುಂದುವರಿಸಿದಳೆಂದು ಶಾಸನ ಹೇಳುತ್ತದೆ. ದನಿಯನ್ನು ಕಾಪಾಡಿದ ಊರಿದು. ಬೆಳಗಾವಿ ಜಿಲ್ಲೆಯ ಮಾಳು ನಿಪನಾಳ 'ನಾ ಡ್ರೈವರ' ಎಂದು ತಮ್ಮ ಊರಿನ ಮಾತಿನಲ್ಲೇ ಹಾಡಿದಾಗ ನಮ್ಮ ಹುಡುಗರು ಕುಣಿಯಲಿಲ್ಲವೇ? ಆ ಹಾಡಿನ ರುಚಿಯ ಬಗ್ಗೆ ನನ್ನ ತಕರಾರು ಬೇರೆ; ಬಾಯಿಯಂತೂ ಸ್ವಂತದ್ದು.

ಬಸ್ಸಿನಲ್ಲಿ ಆ ಹುಡುಗಿಯನ್ನು ಪಕ್ಕಕ್ಕೆ ಕೂರಿಸಿಕೊಂಡು ಕೇಳಿದೆ: "ಕಥಿ ಯಾಕ ಹೇಳಲಿಲ್ಲವಾ? ಗೊತ್ತಿರಲಿಲ್ಲೇನು?"

"ಗೊತ್ತೈತ್ರಿ ಟೀಚರ್. ನಮ್ಮಮ್ಮ ಹೇಳ್ಯಾಳ. ಆದರ ಶುದ್ಧ ಕನ್ನಡದಾಗ ಬರಂಗಿಲ್ರಿ."

ನನ್ನ ಬಾಯಿ ಕಟ್ಟಿತು. ಮಕ್ಕಳು 'ಹೊಂಟೀನ್ರಿ' ಎಂದಾಗಲೆಲ್ಲ 'ಹೊರಟಿದ್ದೇನೆ' ಎಂದು ತಿದ್ದಿದವಳು ನಾನು. ತಪ್ಪಾದೀತೆಂದು ಅಂಜಿ ಕೂತ ಬಾಯಿಗೆ ಹಿಂದಿಯ ತುಟಿಯಾಟ ಎಷ್ಟು ಸುಖ! ಅಲ್ಲಿ ತಪ್ಪುವ ಭಯವೇ ಇಲ್ಲ, ಮಾತು ಇನ್ನೊಬ್ಬರದು.

ಕುಕ್ಕರು ಸೀಟಿ ಹೊಡೆಯುತ್ತಿದೆ, ಒಳಗೆ ಕಡಲೆಯಿಲ್ಲ. ಹಿಂದಿಯನ್ನು ಬೈಯುವ ಮೊದಲು ಒಪ್ಪಿಕೊಳ್ಳುತ್ತೇನೆ: ಅಡುಗೆಮನೆಯಲ್ಲಿ ಇದ್ದವಳು ನಾನೇ.